ದೇವರ ಜಗಲಿಯ ಮೀನು

ನನ್ನ ಬೆನ್ನು ಗೂನು. ಮೊದಲೇ ಹೇಳಿಬಿಡುತ್ತೇನೆ, ಅಯ್ಯೋ ಪಾಪ ಅನ್ನುವವರು ಈಗಲೇ ಅಂದು ಮುಗಿಸಲಿ. ಹುಟ್ಟುವಾಗ ಎಲ್ಲರಂತೆ ನೆಟ್ಟಗೇ ಇದ್ದೆ. ಏಳನೆಯ ವಯಸ್ಸಿಗೆ ಬೆನ್ನಿನ ಎಲುಬಿಗೆ ಕ್ಷಯ ಹತ್ತಿತು. ಮಲಗಿದಲ್ಲೇ ಮಲಗಿ ಎದ್ದಾಗ ಹೆಗಲಿನ ಕೆಳಗೆ ಗಂಟು ಬಂದಿತ್ತು. ನಮ್ಮೂರು ಅಕ್ಕಿಆಲೂರಿನ ಸಂತೆಗೆ ಹೋದರೆ ಹುಡುಗರು "ಒಂಟಿ ಬಂತು, ಒಂಟಿ ಬಂತು" ಎಂದು ಒಂಟೆಯ ಹಾಗೆ ಕೂಗುತ್ತ ಬೆನ್ನು ಹತ್ತುತ್ತಿದ್ದರು. ನಾನೇನು ಅಳುವವಳಲ್ಲ. ಕಲ್ಲು ಬೀರುತ್ತಿದ್ದೆ, ಗುರಿಯೂ ಚಲೋ ಇತ್ತು.

ನಮ್ಮ ಕಡೆ ಅಕ್ಕನ ಮಗಳ ಮೇಲೆ ತಮ್ಮನ ಹಕ್ಕು. ನಾನಿನ್ನೂ ತೊಟ್ಟಿಲಲ್ಲಿದ್ದಾಗ ಮಾಸೂರಿನ ಅಜ್ಜಿ, ಅಂದರೆ ಅವ್ವನ ಅವ್ವ, ನನ್ನ ಕೈಗೆ ಬೆಳ್ಳಿ ಕಡಗ ತೊಡಿಸಿ "ಈಕಿ ನನ್ನ ಸೊಸಿ" ಅಂದಿದ್ದಳಂತೆ. ಅಲ್ಲಿಗೆ ನಾನು ಅವಳ ಒಬ್ಬನೇ ಮಗನಿಗೆ, ನನ್ನ ಸೋದರಮಾವನಿಗೆ, ಗೊತ್ತಾದ ಹಾಗೆ. ನನ್ನ ಬೆನ್ನು ಬಾಗಿದ ಮೇಲೂ ಅಜ್ಜಿಯ ಮಾತು ಬಾಗಲಿಲ್ಲ. ಮಾವ ಮಾತ್ರ ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ಪುಣೆಯಲ್ಲಿ ಓದಿ ಬಂದು ಸವಣೂರಿನ ಒಂದು ಶಾಲೆಯಲ್ಲಿ ವಿಜ್ಞಾನದ ಮಾಸ್ತರನಾದ. ಮೂವತ್ತರ ದಶಕದ ಕೊನೆಯ ಮಾತಿದು, ನನಗಾಗ ಹದಿನಾಲ್ಕು. ಅವನು ಕೈಬಿಟ್ಟರೆ ನನ್ನನ್ನು ಕೇಳಿಕೊಂಡು ಬರುವ ಗಂಡು ಇನ್ನೊಬ್ಬನಿರಲಿಲ್ಲ. ಅದು ಮನೆಯ ಬೆಕ್ಕಿಗೂ ಗೊತ್ತಿತ್ತು.

ಮಾವನ ತಲೆಯಲ್ಲಿ ಒಂದೇ ಹುಚ್ಚು. ಬೆನ್ನೆಲುಬಿನ ಪ್ರಾಣಿಗಳ ಕುಲ ಎಲ್ಲಿಂದ ಶುರುವಾಯಿತು ಎನ್ನುವುದು. ಅವನ ಹತ್ತಿರ ಒಂದು ದಪ್ಪ ಇಂಗ್ಲಿಷ್ ಪುಸ್ತಕವಿತ್ತು, ತುಂಬ ಚಿತ್ರ. ರಜೆಗೆ ಮಾಸೂರಿಗೆ ಬಂದಾಗ ಕೇಳುವವರು ಬೇರೆ ಯಾರೂ ಇಲ್ಲದೆ, ಅಜ್ಜಿಯ ಮನೆಗೆ ಹೋಗಿರುತ್ತಿದ್ದ ನನ್ನನ್ನೇ ಕೂರಿಸಿಕೊಂಡು ಹೇಳುತ್ತಿದ್ದ.

"ನೋಡಿಲ್ಲಿ, ಈ ಮೀನಿಗೆ ದವಡಿ ಇಲ್ಲ. ಕಚ್ಚಾಕ ಬರೂದಿಲ್ಲ, ಕೆಸರು ಹೀರಿ ಬದುಕತಿತ್ತು. ತಲಿಮ್ಯಾಲೆ ಎಲುಬಿನ ಚಿಪ್ಪು ಐತಿ. ಆದ್ರ ಬೆನ್ನಾಗ ಎಲುಬಾ ಇಲ್ಲ, ಬರೇ ಒಂದು ಮೆತ್ತನ್ನ ಹುರಿ."

"ಬೆನ್ನಾಗ ಎಲುಬಿಲ್ಲಂದ್ರ ಅದು ಬೆನ್ನೆಲುಬಿನ ಪ್ರಾಣಿ ಹೆಂಗಾತು?"

"ನಮ್ಮ ವಂಶದ ಹಿರಿಯಾ ಅದ. ಎಲುಬು ಮೊದಲು ಹೊರಗ, ಚರ್ಮದಾಗ ಹುಟ್ಟಿತು. ಒಳಗ ಬಂದದ್ದು ಆಮ್ಯಾಲೆ."

ಅದಕ್ಕೂ ಹಳೆಯವು ಅಮೇರಿಕೆಯ ಮರಳುಗಲ್ಲಿನಲ್ಲಿ ಸಿಕ್ಕಿದ್ದವಂತೆ. ಬರೀ ಚೂರುಗಳು, ಉಗುರಿಗಿಂತ ಸಣ್ಣವು. ಅಷ್ಟು ಹಳೆಯ ಮೀನನ್ನು ಇಡಿಯಾಗಿ ಕಂಡವರು ಯಾರೂ ಇಲ್ಲ, ಕಂಡವನ ಹೆಸರು ಜಗತ್ತಿನ ಪುಸ್ತಕಗಳಲ್ಲಿ ಬರುತ್ತದೆ ಎನ್ನುವಾಗ ಅವನ ಧ್ವನಿ ಸಣ್ಣಗಾಗುತ್ತಿತ್ತು. ನನಗೆ ಆ ಮೀನು ಸೇರಿತು. ಬೆನ್ನು ನೆಟ್ಟಗಿಲ್ಲದೆಯೂ ವಂಶಕ್ಕೆ ಹಿರಿಯನಾಗಿತ್ತಲ್ಲ. ಮಾವನೂ ಸೇರಿದ. ಅಷ್ಟು ಹೊತ್ತು ನನ್ನ ಹತ್ತಿರ ಕೂತು ಮಾತಾಡಿದವರು ಇನ್ಯಾರಿದ್ದರು?

ಒಂದು ಬೇಸಿಗೆ ಮದಗದ ಕೆರೆಯ ಕಾಲುವೆ ರಿಪೇರಿಗೆ ಒಡೆದ ಕಲ್ಲಿನ ರಾಶಿಯಲ್ಲಿ ಮಾವನಿಗೆ ಅಂಗೈಯಗಲದ ಒಂದು ಹಾಸುಗಲ್ಲು ಸಿಕ್ಕಿತು. ಅದರ ಮೇಲೆ ಕಪ್ಪು ಗುರುತು. ನಡುವೆ ಉದ್ದ ಗೆರೆ, ಎರಡೂ ಕಡೆ ಕೂದಲಿನಷ್ಟು ತೆಳ್ಳಗಿನ ಎಸಳುಗಳು. "ಬೆನ್ನೆಲುಬು, ಪಕ್ಕೆಲುಬು!" ಎಂದು ನನ್ನ ರಟ್ಟೆ ಹಿಡಿದು ಕುಣಿಸಿದ. ದೀಪಾವಳಿ ರಜೆಯಲ್ಲಿ ಪುಣೆಯ ಪ್ರೊಫೆಸರರಿಗೆ ತೋರಿಸುವುದೆಂದು ಆಯಿತು.

ಕಲ್ಲನ್ನು ಕಟ್ಟೆಯ ಮೇಲಿಟ್ಟು ಮಾವ ಸ್ನಾನಕ್ಕೆ ಹೋದ. ಅಷ್ಟರಲ್ಲಿ ಅಜ್ಜಿ ನೋಡಿದಳು. "ಶಿವನ ಮ್ಯಾಲಾಣಿ, ಕಲ್ಲಾಗ ಪತ್ರಿ ಮೂಡೇತಿ!" ಎಂದವಳೇ ತೊಳೆದು, ವಿಭೂತಿ ಎಳೆದು, ದೇವರ ಜಗಲಿಯ ಮೇಲೆ ಇಟ್ಟುಬಿಟ್ಟಳು. ಎಳೆ ಬಿಲ್ವದ ಟೊಂಗೆ ಕಂಡಿತ್ತು ಅವಳಿಗೆ. ಮಾವ ಬಂದು ನೋಡಿ ಅಲ್ಲೇ ಇರಲೆಂದು ಬಿಟ್ಟ. ಜಗಲಿಯ ಮೇಲಿದ್ದರೆ ಮಕ್ಕಳು ಮುಟ್ಟುವುದಿಲ್ಲ, ಕಳ್ಳರು ಒಯ್ಯುವುದಿಲ್ಲ. ನನ್ನೆದುರಿಗೆ ಮಾತ್ರ ಹೊಟ್ಟೆ ಹಿಡಿದುಕೊಂಡು ನಕ್ಕ. "ನಮ್ಮವ್ವ ಮೀನಿಗೆ ಪತ್ರಿ ಏರಸಾಕತ್ತಾಳ, ಯಾರಿಗೂ ಹೇಳಬ್ಯಾಡ ನೋಡು." ನಮ್ಮದು ಮೀನಿನ ಹೆಸರೆತ್ತಿದರೂ ಬಾಯಿ ಮುಕ್ಕಳಿಸುವ ಮನೆತನ. ನಾನೂ ನಕ್ಕೆ. ಗುಟ್ಟು ಹೇಳಿದನೆಂದರೆ ನನ್ನವನೇ ಆದ ಎಂದುಕೊಂಡೆ. ಹುಚ್ಚು ಮುಂಡೆ.

ಆ ಮಳೆಗಾಲದಲ್ಲಿ ಎಲುಬು ಕೂಡಿಸುವ ಹಕೀಮರಿಗೆ ತೋರಿಸಲು ಅವ್ವ ನನ್ನನ್ನು ಸವಣೂರಿಗೆ ಕರೆದೊಯ್ದಳು. ಹಕೀಮರು ಒಳ್ಳೆಯವರು, ಸುಳ್ಳು ಹೇಳಲಿಲ್ಲ. "ಇದು ಕೂಡಿ ಹೋಗ್ಯದವ್ವಾ, ಇನ್ನ ಬಿಚ್ಚೂದು ಬ್ಯಾಡ" ಅಂದರು. ಮಾವ "ಶಾಲಿಗೆ ಬಾ, ಹೊಸಾ ಮೀನಿನ ಚಿತ್ರ ಬಂದಾವು" ಎಂದು ಕರೆದ. ಎಣ್ಣೆ ಹಚ್ಚಿ ಬಾಚಿಕೊಂಡು, ಇದ್ದುದರಲ್ಲಿ ಒಳ್ಳೆಯ ಇಳಕಲ್ ಸೀರೆ ಉಟ್ಟು ಹೋದೆ. ಒಳಗೆ ಕೋಣೆ ತುಂಬ ಹುಡುಗರು.

"ಹಿಂದ ತಿರುಗು" ಅಂದ ಮಾವ.

ತಿರುಗಿದೆ. ಸೆರಗನ್ನು ಪಕ್ಕಕ್ಕೆ ಸರಿಸಿದ. ಕೋಲಿನ ತುದಿಯನ್ನು ನನ್ನ ಕುತ್ತಿಗೆಯಿಂದ ಇಳಿಸುತ್ತ ಇಳಿಸುತ್ತ ಗಂಟಿನ ಮೇಲೆ ನಿಲ್ಲಿಸಿದ. "ಮೀನಿನಿಂದ ಮನುಷ್ಯಾನ ತನಕ ಬೆನ್ನೆಲುಬು ಹೆಂಗ ಬಂತು ಕಲತೀರಿ. ಕೆಟ್ಟರ ಹೆಂಗ ಕೆಡತೈತಿ, ಇಲ್ಲಿ ನೋಡ್ರಿ." ಹಿಂದಿನ ಸಾಲಿನಿಂದ ಯಾರೋ ಒಂಟೆಯ ಹಾಗೆ ಕೂಗಿದ. ಕೋಣೆಯೆಲ್ಲ ನಕ್ಕಿತು. ಮಾವ ಗದರಲಿಲ್ಲ. ಅವನೂ ನಕ್ಕ, ನನಗೆ ಬೆನ್ನಲ್ಲೇ ಕೇಳಿಸಿತು. ಚಿತ್ರ ತೋರಿಸಲೂ ಇಲ್ಲ.

ದಸರೆಯ ಹೊತ್ತಿಗೆ ಮಾಸೂರಿನಲ್ಲಿ ಮಾತುಕತೆಗೆ ಕೂತರು. ಅಪ್ಪ, ಅವ್ವ, ಅಜ್ಜಿ, ಪಡಸಾಲೆಯಲ್ಲಿ ನಾಲ್ಕು ಜನ ಹಿರಿಯರು. ನಾನು ಮತ್ತು ತಂಗಿ ಬಾಗಿಲ ಮರೆಯಲ್ಲಿ. ಅಜ್ಜಿ ಲಗ್ನದ ಮಾತು ತೆಗೆದಳು. ಮಾವ ಗಂಟಲು ಸರಿ ಮಾಡಿಕೊಂಡ.

"ಬೆನ್ನು ಡೊಂಕಿದ್ದಾಕಿಗೆ ಹುಟ್ಟೂ ಮಕ್ಕಳ ಬೆನ್ನೂ ಡೊಂಕಾ ಆಗ್ತಾವ್ರಿ. ಇದು ವಿಜ್ಞಾನ, ನಾ ಹೇಳೂದಲ್ಲ. ಸಣ್ಣಾಕೀನ ಕೊಡ್ರಿ, ಮಾಡ್ಕೋತೇನಿ."

ಸಣ್ಣಾಕಿ ಅಂದರೆ ನನ್ನ ತಂಗಿ, ಹನ್ನೊಂದರ ಕೂಸು. ಅವಳು ನನ್ನ ಸೀರೆಯ ನಿರಿಗೆ ಗಟ್ಟಿಯಾಗಿ ಹಿಡಿದುಕೊಂಡಳು. ಕ್ಷಯ ರಕ್ತದಿಂದ ಬರುವುದಿಲ್ಲ, ಅದು ಹತ್ತುವ ರೋಗ ಎಂದು ನನಗೆ ಹೇಳಿದ್ದವನು ಇದೇ ಮಾವ. ಮೈಯೆಲ್ಲ ಉರಿದುಹೋಯಿತು. ಹಿರಿಯರ ಮುಂದೆ ಹೆಣ್ಣು ಬರಬಾರದು, ಬಂದೆ.

"ನನ್ನ ರಕ್ತ ಕೆಟ್ಟದ್ದಾದ್ರ ಆಕೀ ರಕ್ತ ಎಲ್ಲೀದು? ಅದಿರಲಿ. ಅಜ್ಜೀ, ಜಗಲಿಮ್ಯಾಲೆ ನೀ ದಿನಾ ಪತ್ರಿ ಏರಸ್ತೀಯಲ್ಲ, ಅದು ಪತ್ರಿ ಮೂಡಿದ ಕಲ್ಲಲ್ಲ. ಮೀನು. ಸತ್ತ ಮೀನಿನ ಎಲುಬು. ನಿನ್ನ ಮಗಾ ಗೊತ್ತಿದ್ದಾ ಸುಮ್ಮನಿದ್ದಾನ, ನಗಾಕತ್ತಾನ. ಕೇಳು ಬೇಕಾದ್ರ."

ಎಲ್ಲರೂ ಮಾವನ ಮುಖ ನೋಡಿದರು. ಆ ಮುಖವೇ ಸಾಕಾಯಿತು. ಅಜ್ಜಿ ಎದ್ದಳು. ಕಲ್ಲನ್ನು ಸೆರಗಿನಿಂದ ಹಿಡಿದು ತಂದು ಅಂಗಳದ ಒರಳಿನಲ್ಲಿ ಹಾಕಿ ಹಾರೆಯಿಂದ ಕುಟ್ಟಿದಳು. "ನನ್ನ ಶಿವನ ಬಾಜೂಕ ಮೀನಾ? ನನ್ನ ಕೈಯಾಗ ಮೀನಿಗೆ ನೀರು ಹಾಕಿಸಿದೇನೋ ಭಾಡ್ಯಾ?" ಕುಟ್ಟುತ್ತಲೇ ಅತ್ತಳು. ಮಾವ ಅವಳ ಕೈ ಹಿಡಿಯಲು ಹೋದ, ಅಪ್ಪ ಅವನನ್ನು ಹಿಡಿದ. ಮುಗಿದ ಮೇಲೆ ಮಾವ ಒರಳಿನ ಹತ್ತಿರ ಮೊಣಕಾಲೂರಿ ಪುಡಿಯನ್ನು ಅಂಗೈಗೆ ತುಂಬಿಕೊಂಡು ಎಳೆಮಗುವಿನ ಹಾಗೆ ಬಾಯಿಬಿಟ್ಟು ಅತ್ತ. ನನಗೆ ಹಾಯೆನಿಸಿತು. ಸುಳ್ಳು ಯಾಕೆ ಹೇಳಲಿ?

"ಹೆಣ್ಣಮಗಳ ಬಾಳೇವಿಗೆ ನಕ್ಕು ಕಲ್ಲಿಗೆ ಅಳೂ ಮನಿಷ್ಯಾಗ ನನ್ನ ಯಾವ ಮಗಳನ್ನೂ ಕೊಡಂಗಿಲ್ಲ" ಅಂದ ಅಪ್ಪ. ಅಲ್ಲಿಗೆ ತಂಗಿ ಉಳಿದಳು. ನನ್ನನ್ನು ಕೇಳಲು ಯಾರೂ ಬರಲಿಲ್ಲ, ಬರಲಾರರೆಂದು ಮೊದಲೇ ಹೇಳಿದೆನಲ್ಲ. ಅಜ್ಜಿ ಪ್ರಾಯಶ್ಚಿತ್ತ ಮಾಡಿಸಿಕೊಂಡು, ಸಾಯುವತನಕ ಮಗನ ಕೈಯ ನೀರು ಮುಟ್ಟಲಿಲ್ಲ.

ಯುದ್ಧದ ಕಾಲದಲ್ಲಿ ಮ್ಯಾಂಗನೀಸ್ ಹುಡುಕುತ್ತ ಒಬ್ಬ ಭೂವಿಜ್ಞಾನಿ ನಮ್ಮ ಸೀಮೆಗೆ ಬಂದರು. ಅಪ್ಪನ ಅಕ್ಕಿ ಗಿರಣಿಯ ಹಿಂದಿನ ಕೋಣೆಯಲ್ಲಿ ಅವರ ಬಿಡಾರ. ಊಟ ಕೊಡಲು ಹೋದಾಗ ಅವರ ಪೆಟ್ಟಿಗೆಯಲ್ಲಿ ಕಂಡೆ. ಅದೇ ಮೀನು. ಅದೇ ಗೆರೆ, ಅದೇ ಎಸಳು. ತಾಟು ಕೆಳಗಿಟ್ಟು ಕೇಳಿದೆ.

"ಇದು ಎಷ್ಟು ಹಳೇ ಮೀನ್ರಿ?"

ಅವರು ನಕ್ಕರು. "ಮೀನಲ್ಲವ್ವಾ, ಎಲೀನೂ ಅಲ್ಲ. ಕಲ್ಲಿನ ಸೀಳಿನಾಗ ಮ್ಯಾಂಗನೀಸಿನ ನೀರು ಜಿನುಗಿ ಒಣಗಿದ್ರ ಹಿಂಗ ಟೊಂಗಿ ಒಡೀತೈತಿ. ಶಿಗ್ಗಾಂವಿ ಕಡೆ ಬೇಕಾದಷ್ಟು ಅದಾವು. ಈ ಸೀಮಿ ಕಲ್ಲಿನಾಗ ಮೀನು ಎಲ್ಲಿಂದ ಬರಬೇಕು? ಎಲುಬಿನ ಪ್ರಾಣಿ ಹುಟ್ಟೂಕಿಂತ ಎಷ್ಟೋ ಮೊದಲಿನ ಕಲ್ಲಿವು."

ಹಾಗಾದರೆ ಒರಳಿನಲ್ಲಿ ಕುಟ್ಟಿದ್ದು ಬರೀ ಕಲೆ. ಪುಣೆಗೆ ಒಯ್ದಿದ್ದರೆ ಪ್ರೊಫೆಸರರು ಅಲ್ಲೇ ನಕ್ಕು ಕಳಿಸುತ್ತಿದ್ದರು, ಮಾವ ಒಂದು ವಾರ ಮುಖ ಸಣ್ಣ ಮಾಡಿಕೊಂಡು ಮರೆಯುತ್ತಿದ್ದ. ಮೊದಲ ಮೀನಿಗೆ ಬೆನ್ನಲ್ಲಿ ಎಲುಬೇ ಇರಲಿಲ್ಲ ಎಂದು ತಾನೇ ಹೇಳಿಕೊಟ್ಟು, ಬೆನ್ನೆಲುಬು ಪಕ್ಕೆಲುಬು ಎಲ್ಲ ಕಂಡ ಕಲ್ಲಿಗೆ ಮರುಳಾದ ಶಾಣ್ಯಾ ಮನುಷ್ಯ! ಪೆಟ್ಟಿಗೆಯಲ್ಲಿದ್ದ ಕಲ್ಲನ್ನು ನನಗೆ ಕೊಡಿ ಅಂದೆ. ಕೊಟ್ಟರು. ನನ್ನ ಟ್ರಂಕಿನಲ್ಲಿ ಸೀರೆಗಳ ಕೆಳಗೆ ಇಟ್ಟೆ.

ಯುದ್ಧ ಮುಗಿದ ಮೇಲಿನ ಒಂದು ಮಧ್ಯಾಹ್ನ ಮಾವ ಅಕ್ಕಿಆಲೂರಿಗೆ ಬಂದ. ಅವ್ವ ತೀರಿಕೊಂಡಿದ್ದಳು, ಮಾತಾಡಿಸಲು ಬಂದದ್ದು. ಕೂದಲು ಉದುರಿತ್ತು. ಲಗ್ನವಾಗಿದ್ದ, ಹೆಂಡತಿ ತವರಿಗೆ ಹೋಗಿ ಕೂತಿದ್ದಳು. ಕುರ್ಚಿಯಿಲ್ಲದೆ ನನ್ನ ಟ್ರಂಕಿನ ಮೇಲೆಯೇ ಕೂತ. ಅಕ್ಕ ಸತ್ತದ್ದಕ್ಕೆ ಎರಡು ಮಾತಾಡಿ, ನೆಲ ನೋಡುತ್ತ ಅಂದ:

"ನನ್ನ ಬಿಟ್ರ ಆ ಕಲ್ಲನ್ನ ಚಲೋತ್ನಾಗಿ ನೋಡಿದಾಕಿ ನೀ ಒಬ್ಬಾಕಿ. ಯಾರೂ ನಂಬೂದಿಲ್ಲ. ನಂಗಾ ಒಮ್ಮೊಮ್ಮೆ ಸಂಶೆ ಬರತೈತಿ. ಖರೇ ಹೇಳು, ಅದು ಮೀನಾ ಇತ್ತಲ್ಲಾ? ಅಲ್ಲ ಅಂತ ನೀ ಅಂದ್ರ ಆ ಚಿಂತಿ ಇಲ್ಲೇ ಬಿಟ್ಟಬಿಡ್ತೇನಿ. ನಿದ್ದಿ ಹತ್ತೂದಿಲ್ಲವ್ವಾ ನಂಗ."

ಅಲ್ಲ ಅನ್ನಬಹುದಿತ್ತು. ಅವನನ್ನು ಎಬ್ಬಿಸಿ ಟ್ರಂಕು ತೆರೆದರೆ ಆಗುತ್ತಿತ್ತು.

"ಮೀನಾ ಇತ್ತು ಮಾವಾ" ಅಂದೆ. "ಪಕ್ಕೆಲುಬು ಸೈತ ಎಣಸಬಹುದಿತ್ತು."

ಅವನ ತಲೆ ಎದೆಗೆ ಇಳಿಯಿತು, ಹೆಗಲು ಅಲುಗಾಡತೊಡಗಿತು. ಚಹಾ ತರುತ್ತೇನೆಂದು ಎದ್ದೆ. ಬಾಗಿಲಲ್ಲಿ ಒಂದು ಗಳಿಗೆ ನಿಂತು, ಸೆರಗನ್ನು ಪಕ್ಕಕ್ಕೆ ಸರಿಸಿ, ಅವನು ತಲೆ ಎತ್ತಿ ನೋಡುವತನಕ ಅವನಿಗೆ ಬೆನ್ನು ತೋರಿಸಿಕೊಂಡೇ ಇದ್ದೆ.