ಎಂಬತ್ತೊಂದನೆಯ ಪುಟದ ನೂಲು

ಬೆಳಗಿನ ಐದೂಮುಕ್ಕಾಲು. ಸಿದ್ಧಕಟ್ಟೆಯ ವಾಚನಾಲಯದ ಬೀಗ ತೆಗೆದ ಕುಶಾಲಪ್ಪ ಒಳಗೆ ಕಾಲಿಡುವ ಮೊದಲು ಒಮ್ಮೆ ಕೆಮ್ಮುತ್ತಾರೆ. ಒಳಗೆ ಯಾರೂ ಇಲ್ಲ. ಯಾರಿಗಾಗಿ ಈ ಕೆಮ್ಮು ಎಂದು ಕೇಳುತ್ತೇನೆ.

"ಅಭ್ಯಾಸ ಮಾರಾಯ್ರೆ. ಓದುವವರು ಇದ್ದರೆ ಬೆಚ್ಚಿ ಬೀಳಬಾರದಲ್ಲ."

ಕಪಾಟುಗಳೂ ಖಾಲಿ. ಕಾವ್ಯಕ್ಕೆ ಕೆಂಪು, ಇತಿಹಾಸಕ್ಕೆ ಹಸಿರು, ತತ್ತ್ವಶಾಸ್ತ್ರಕ್ಕೆ ಕಾವಿ, ಶಿಕ್ಷಣಕ್ಕೆ ನೀಲಿ ಎಂದು ಅಂಟಿಸಿದ ಚೀಟಿಗಳು ಮಾತ್ರ ಉಳಿದಿವೆ. ವಾಚನಾಲಯ ಮುಚ್ಚುತ್ತಿದೆ, ಪುಸ್ತಕಗಳೆಲ್ಲ ಮೂಡುಬಿದಿರೆಯ ಒಂದು ಕಾಲೇಜಿಗೆ ಹೋಗಿಯಾಗಿದೆ. ಹಾಗಿದ್ದರೂ ಈ ಮನುಷ್ಯ ತಗಡಿನ ಪೆಟ್ಟಿಗೆಯ ಅಡಿಯಿಂದ ಎಣ್ಣೆಬಟ್ಟೆಯಲ್ಲಿ ಸುತ್ತಿದ ಏನನ್ನೋ ತೆಗೆದು ಕಂಕುಳಲ್ಲಿ ಇಟ್ಟುಕೊಳ್ಳುತ್ತಾರೆ. ಅಂಚಿನಲ್ಲಿ ನೀಲಿ ಬಟ್ಟೆ ಇಣುಕುತ್ತಿದೆ. ನಾನು ನೋಡಿದೆನೆಂದು ಅವರಿಗೆ ಗೊತ್ತಾಗುತ್ತದೆ. "ದಾರಿಯಲ್ಲಿ ಹೇಳ್ತೇನೆ. ಹೋಗುವ, ಬಸ್ಸು ತಪ್ಪಿದರೆ ಕಷ್ಟ" ಎನ್ನುತ್ತಾರೆ.

ನಾನು ಬಂದದ್ದು ಬೇರೆ ಲೇಖನಕ್ಕೆ. ಹತ್ತೊಂಬತ್ತು ವರ್ಷ ಮನೆಮನೆಗೆ ಪುಸ್ತಕ ಹೊತ್ತು, ಒಂದನ್ನೂ ಕಳೆಯದ ಮನುಷ್ಯ. ತಲೆಬರಹ ಕೂಡ ಬರೆದಿಟ್ಟುಕೊಂಡಿದ್ದೆ. ಅದು ವೇಣೂರಿನಲ್ಲಿ ಬಸ್ಸಿಳಿದು ಗುಡ್ಡ ಹತ್ತುವಷ್ಟರಲ್ಲಿ ನೀರುಪಾಲಾಗುತ್ತದೆ.

ಕುಶಾಲಪ್ಪನವರಿಗೆ ಈಗ ಅರವತ್ತೊಂದು. ಓದಿದ್ದು ನಾಲ್ಕನೇ ಕ್ಲಾಸು. ೧೯೬೫ರಲ್ಲಿ ವಾಚನಾಲಯ ಕಟ್ಟಿದ ನಾರಾಯಣಮೂರ್ತಿ ಮೇಷ್ಟ್ರು ಇವರ ತಲೆಗೆ ಪೆಟ್ಟಿಗೆ ಏರಿಸಿದರು. ದಿನಕ್ಕೆ ಇಪ್ಪತ್ತೆರಡು ಮನೆ, ಹನ್ನೊಂದು ಮೈಲು, ನಲವತ್ತು ಪುಸ್ತಕ. ಸೋಮವಾರ ಬಂಟ್ವಾಳದ ಕಡೆ, ಬುಧವಾರ ಬೆಳ್ತಂಗಡಿಯ ಗುಡ್ಡಗಳ ಕಡೆ, ಶುಕ್ರವಾರ ಮೂಡುಬಿದಿರೆಯ ದಾರಿ. ಯಾವುದು ಹೆಚ್ಚು ಕಷ್ಟ ಎಂದರೆ ಥಟ್ಟನೆ ಉತ್ತರ: "ತತ್ತ್ವಶಾಸ್ತ್ರ. ಎಂತ ಭಾರ ಅಂತೀರಿ! ಕಾವ್ಯ ಆದರೆ ಗುಡ್ಡ ಹತ್ತಿದ್ದೇ ಗೊತ್ತಾಗುವುದಿಲ್ಲ."

ಪ್ರತಿ ಪುಸ್ತಕದ ಬೆನ್ನಿಗೂ ಅವರೇ ಒಂದು ನೂಲು ಕಟ್ಟುತ್ತಿದ್ದರು. ಓದುವವರು ನಿಂತ ಪುಟದಲ್ಲಿ ನೂಲು ಇಡಬೇಕು. ಅವರು ಹೋದಾಗ ಆ ಪುಟದ ಸಂಖ್ಯೆಯನ್ನು ತಮ್ಮ ನೋಟುಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದರು. ಮೇಷ್ಟ್ರು ಹಾಕಿಕೊಟ್ಟ ಕಟ್ಟಳೆ ಒಂದೇ: ನೂಲು ಕೊನೆಯ ಪುಟಕ್ಕೆ ಬಾರದೆ ಪುಸ್ತಕ ತರಕೂಡದು. ಓದುಗರು ಬೇಡವೆಂದರೆ ಸರಿ. ಓದುತ್ತಿದ್ದರೆ ವರ್ಷವಾದರೂ ಕಾಯಬೇಕು.

"ಅದನ್ನು ನಾನು ಒಮ್ಮೆ ಮುರಿದೆ" ಎನ್ನುತ್ತಾರೆ, ಬಸ್ಸಿನಿಂದ ಇಳಿದು ಗುಡ್ಡದ ದಾರಿ ಹಿಡಿದಾಗ.

ಆ ಗುಡ್ಡದ ಮೇಲಿನ ಮನೆಯಲ್ಲಿ ದಮಯಂತಿ ಎಂಬ ಟೀಚರು ಇದ್ದರು. (ತಾಯಿ ಮಗಳ ಹೆಸರು ಬದಲಿಸಿದ್ದೇನೆ.) ಎಂಟು ವರ್ಷದಲ್ಲಿ ಕೆಂಪು, ಹಸಿರು, ಕಾವಿ ಕಪಾಟುಗಳನ್ನೆಲ್ಲ ಮುಗಿಸಿ ನೀಲಿಗೆ ಬಂದಿದ್ದರು. ೧೯೭೫ರಲ್ಲಿ ಕಾಮಾಲೆ ಹಿಡಿದು ತೀರಿಕೊಂಡರು. ಬೊಜ್ಜದ ಮರುದಿನ, ಉತ್ತರಕ್ರಿಯೆ ಮುಗಿದ ಮನೆಯಿಂದ, ಕುಶಾಲಪ್ಪ ಆಕೆ ಓದುತ್ತಿದ್ದ ನೀಲಿ ಪುಸ್ತಕ ತಂದರು. ಪುಟ ಬರೆದುಕೊಂಡು ನೂಲನ್ನೂ ಎಳೆದುಬಿಟ್ಟರು.

"ಸತ್ತವರು ಓದುತ್ತಾರಾ ಅಂತ ಎಣಿಸಿದೆ. ಬುದ್ಧಿ ಇಲ್ಲದ ಕೆಲಸ."

ಈ ಕಡೆ ಮಳೆಗಾಲದ ಆಟಿ ತಿಂಗಳಲ್ಲಿ ತೀರಿಕೊಂಡವರಿಗೆ, ಅಂದರೆ ಕುಲೆಗಳಿಗೆ, ಒಳಕೋಣೆಯಲ್ಲಿ ಎಲೆ ಹಾಕಿ ಬಡಿಸುತ್ತಾರೆ. ಬಾಗಿಲು ಹಾಕಿ ಹೊರಗೆ ಕೂರುತ್ತಾರೆ. ಸ್ವಲ್ಪ ಹೊತ್ತಿನ ಮೇಲೆ ಕೆಮ್ಮಿ, ಬಾಗಿಲು ಬಡಿದು ತೆರೆಯುತ್ತಾರೆ. ದಮಯಂತಿಯ ತಾಯಿ ಪ್ರೇಮಾವತಿ ಆ ವರ್ಷ ಬಾಗಿಲು ತೆರೆದಾಗ ಅನ್ನ ಹಾಕಿದ ಹಾಗೇ ಇತ್ತು. ಸೀರೆಯ ಪೆಟ್ಟಿಗೆ ಮಾತ್ರ ತೆರೆದಿತ್ತು, ಚಾಪೆ ಮಗುಚಿತ್ತು. ಮರುವರ್ಷವೂ ಅದೇ. ಮೂರನೇ ವರ್ಷ ಆಕೆ ನಡೆದುಕೊಂಡೇ ಸಿದ್ಧಕಟ್ಟೆಗೆ ಬಂದು, "ಮಗಳು ಹುಡುಕುತ್ತಾಳೆ. ಪುಸ್ತಕ ಕೊಡಿ" ಎಂದರು.

ಕುಶಾಲಪ್ಪ ಹೊಸ ನೂಲು ಕಟ್ಟಿ ಪುಸ್ತಕ ಒಯ್ದರು. ಎಷ್ಟನೇ ಪುಟ ಎಂದು ನೆನಪಾಗದೆ ನೂಲನ್ನು ಮೊದಲ ಪುಟದಲ್ಲಿಟ್ಟರು. ಬಾಗಿಲು ಹಾಕಿ, ತೆರೆದಾಗ ನೂಲು ಎಂಬತ್ತೊಂದರಲ್ಲಿತ್ತು. ಎಲೆಯಲ್ಲಿ ಅನ್ನವೂ ಕದಡಿತ್ತು.

"ರಾತ್ರಿಗೆ ಮೊದಲು ಓಡಿ ಬಂದು ಬೀಗ ತೆಗೆದು ನನ್ನ ನೋಟುಪುಸ್ತಕ ನೋಡಿದೆ. ಎಂಬತ್ತೊಂದು. ನನ್ನದೇ ಅಕ್ಷರ. ಆ ತಾಯಿಗೆ ಅಕ್ಷರವೂ ಬರುವುದಿಲ್ಲ, ಲೆಕ್ಕವೂ ಬರುವುದಿಲ್ಲ. ಹೇಳಿ, ನೀವು ಕಲಿತವರಲ್ವಾ?"

ಇಂಥದ್ದನ್ನೆಲ್ಲ ನಂಬುವ ಆಸಾಮಿ ನಾನಲ್ಲ. ಆದರೆ ಒಂದು ಮಾತು ಮುಳ್ಳಿನ ಹಾಗೆ ಚುಚ್ಚುತ್ತಿದೆ. ಈ ಪುಸ್ತಕ ಕಾಲೇಜಿಗೆ ಹೋಗಿರಬೇಕಿತ್ತಲ್ಲ?

"ನಾನೂರ ಹನ್ನೆರಡರಲ್ಲಿ ನಾನೂರ ಹನ್ನೊಂದು ಕೊಟ್ಟೆ" ಎನ್ನುತ್ತಾರೆ, ಮುಖ ನೋಡದೆ. "ಒಂದು ಕಳೆದುಹೋಯ್ತು ಅಂತ ಸಮಿತಿಗೆ ಹೇಳಿದೆ."

ಅಯ್ಯೋ ದೇವರೇ! ವಾಚನಾಲಯ ಮುಚ್ಚುವ ದಿನ ಇವರಿಗೊಂದು ಶಾಲು ಹೊದಿಸಬೇಕೆಂದಿದ್ದ ಸಮಿತಿ, ಪುಸ್ತಕ ಕಳೆದವನಿಗೆ ಸನ್ಮಾನ ಯಾಕೆಂದು ಕೈಬಿಟ್ಟಿದೆಯಂತೆ. ನನಗೆ ಸಿಟ್ಟೇ ಬರುತ್ತದೆ. ನಿಜ ಹೇಳಬಹುದಿತ್ತಲ್ಲ ಎನ್ನುತ್ತೇನೆ.

"ಹೇಳಿದರೆ ನಗುತ್ತಾರೆ. ನಕ್ಕು ಪುಸ್ತಕ ಒಯ್ಯುತ್ತಾರೆ. ಆ ಹುಡುಗಿ ಪುನಃ ಹುಡುಕಬೇಕು."

ಮಧ್ಯಾಹ್ನ. ಆಟಿಯಲ್ಲಿ ಅಪರೂಪಕ್ಕೆ ಬೀಳುವ, ಮೈ ಸುಡುವ ಬಿಸಿಲು. ಪ್ರೇಮಾವತಿಯಮ್ಮ ನಮ್ಮನ್ನು ಕಂಡು "ಬಂದಿರಾ, ಅವಳು ಬೆಳಗಿನಿಂದ ಕಾಯ್ತಾ ಇದ್ದಾಳೆ" ಎನ್ನುತ್ತಾರೆ. ಒಳಕೋಣೆಗೆ ಕಿಟಕಿಯಿಲ್ಲ. ಎಲೆ, ಅನ್ನ, ಪತ್ರೊಡೆ, ಪಕ್ಕದಲ್ಲಿ ಅಂದಿನಿಂದ ಪ್ರತಿ ಆಟಿಗೂ ಇಲ್ಲಿಗೆ ಬರುವ ನೀಲಿ ಪುಸ್ತಕ. ನೂಲು ನೂರ ಇಪ್ಪತ್ತೊಂಬತ್ತರಲ್ಲಿದೆ. ನಾನೇ ನೋಡಿ ಅಂಗೈಯಲ್ಲಿ ಬರೆದುಕೊಳ್ಳುತ್ತೇನೆ. ಪುಸ್ತಕ ಮುಚ್ಚಿಟ್ಟು ಬಾಗಿಲು ಹಾಕುವುದೂ ನಾನೇ. ನೋಡಿಯೇ ಬಿಡೋಣವೆಂಬ ಹಟ.

ಮೂವರೂ ಜಗಲಿಯಲ್ಲಿ ಕೂರುತ್ತೇವೆ. ಅಂಗಳದ ನಾಯಿ ಎದ್ದು ದೂರ ಹೋಗಿ ಮಲಗುತ್ತದೆ. ಆಮೇಲೆ ಒಳಗಿನಿಂದ ಕಾಗದದ ಸದ್ದು. ಕುಶಾಲಪ್ಪ ಒಂದು ಬೆರಳು ಮಡಚುತ್ತಾರೆ. ಬಹಳ ಹೊತ್ತಿನ ಮೇಲೆ ಇನ್ನೊಂದು. ಒಟ್ಟು ನಾಲ್ಕು. ಪ್ರೇಮಾವತಿಯಮ್ಮ ಸೆರಗಿನಿಂದ ಕಣ್ಣು ಒರೆಸಿಕೊಂಡು ನಗುತ್ತಾರೆ. "ನಾಲ್ಕು ಹಾಳೆ. ಅದಕ್ಕಿಂತ ಹೆಚ್ಚು ಓದುವುದಿಲ್ಲ. ಕಣ್ಣು ನೋಯ್ತದೆ ಅವಳಿಗೆ."

ಕುಶಾಲಪ್ಪ ಕೆಮ್ಮುತ್ತಾರೆ. ಬೆಳಗ್ಗೆ ವಾಚನಾಲಯದ ಬಾಗಿಲಲ್ಲಿ ಕೆಮ್ಮಿದ್ದು ಹೀಗೆಯೇ. ಬಡಿದು ತೆರೆದರೆ ಕೋಣೆಯಲ್ಲಿ ಯಾರೂ ಇಲ್ಲ. ನೂಲು ನೂರ ಮೂವತ್ತೇಳರಲ್ಲಿದೆ. ಅಂಗೈ ನೋಡಿಕೊಳ್ಳುತ್ತೇನೆ. ಬೆವರಿಗೆ ಅಂಕಿ ಕದಡಿದೆ, ಆದರೂ ಓದಬಹುದು.

ಇಳಿಜಾರಿನಲ್ಲಿ ನಾನು ಕುಶಾಲಪ್ಪನವರ ಹಿಂದೆ ಇಳಿಯುತ್ತೇನೆ. ಅವರು ಪುಸ್ತಕವನ್ನು ಮತ್ತೆ ಕಂಕುಳಲ್ಲಿ ಇಟ್ಟುಕೊಂಡು ಮುಂದೆ ಹೋಗುತ್ತಾರೆ. ಪುಸ್ತಕದ ಹೆಸರು ಬರೆಯಬೇಡಿ, ಮನೆಯ ಗುರುತು ಬೇಡ, ಉಳಿದದ್ದು ಬರೆಯಿರಿ ಎನ್ನುತ್ತಾರೆ. ಏನಾದರೂ ಆಸೆ ಉಂಟಾ ಎಂದು ಕೇಳಿದರೆ ನಿಂತು ಬೆರಳು ಎಣಿಸುತ್ತಾರೆ.

"ಒಟ್ಟು ನೂರ ಎಪ್ಪತ್ತೇಳು ಪುಟ. ಇನ್ನು ನಲವತ್ತು. ಐದು ಆಟಿ ಈ ಕಾಲು ನಡೆದರೆ ಸಾಕು. ಮುಗಿದ ದಿನ ನಾನೇ ಮೂಡುಬಿದಿರೆಗೆ ಹೋಗಿ ಕೊಟ್ಟು ಬರ್ತೇನೆ."

ಪುಸ್ತಕ ಕಳೆದವನೆಂಬ ಹೆಸರು ಅಲ್ಲಿಯವರೆಗೆ ಇರುತ್ತದಲ್ಲ, ಬೇಸರವಿಲ್ಲವೇ?

"ಅವರು ಹಾಗೆ ಹೇಳಲಿ. ನೀವು ಸರಿಯಾಗಿ ಬರೆಯಿರಿ. ಕುಶಾಲಪ್ಪ ಹತ್ತೊಂಬತ್ತು ವರ್ಷದಲ್ಲಿ ಒಂದು ಪುಸ್ತಕವನ್ನೂ ಕಳೆದದ್ದಿಲ್ಲ. ಒಂದು ಮಾತ್ರ ಇನ್ನೂ ಓದುವವರ ಕೈಯಲ್ಲಿ ಉಂಟು."