ರಿಜಿಸ್ಟರಿನಲ್ಲಿಲ್ಲದ ಹನ್ನೊಂದು ನಿಮಿಷ

ಇಪ್ಪತ್ತೆರಡು ವರ್ಷ ಒಂದು ಸುಳ್ಳು ನಿಮಿಷವನ್ನೂ ಬರೆಯದ ಕೈ ಆ ಸಂಜೆ ಯಾಕೆ ತಪ್ಪಿತು? ಅವನ ಬದುಕನ್ನು ಬರೆಯಹೊರಟವರಿಗೂ ಇದಕ್ಕೆ ಉತ್ತರ ಸಿಕ್ಕಿಲ್ಲ.

ಸೇತುವೆಗಳ ಬಲಾಬಲ ಲೆಕ್ಕಹಾಕುವ ಪ್ರಯೋಗಾಲಯದ ಕಂಪ್ಯೂಟರ್ ಕೋಣೆ ಅವನ ಸುಪರ್ದಿಯಲ್ಲಿತ್ತು. ಬೆಳಗ್ಗೆ ಹದಿನಾಲ್ಕು ಯಂತ್ರ ಆನ್ ಮಾಡಬೇಕು, ಸಂಜೆ ಆರಕ್ಕೆ ಆಫ್ ಮಾಡಬೇಕು, ಎರಡೂ ಹೊತ್ತನ್ನು ರಿಜಿಸ್ಟರಿನಲ್ಲಿ ಬರೆಯಬೇಕು. ಎಲ್ಲರ ಬಾಯಲ್ಲೂ ಅವನು ಸ್ವಿಚ್ಚಣ್ಣ.

ನದಿಗೆ ಕಟ್ಟಲಿದ್ದ ಕಾಲುಸೇತುವೆಯ ಲೆಕ್ಕವನ್ನು ಇಂಜಿನಿಯರಮ್ಮ ಏಳನೆಯ ಯಂತ್ರಕ್ಕೆ ಕೊಟ್ಟಳು. ಅದು ಒಂಬತ್ತು ದಿನ ಬಿಡದೆ ಓಡಬೇಕಿತ್ತು.

"ಸ್ವಿಚ್ಚಣ್ಣ, ಇದೊಂದನ್ನ ಮುಟ್ಬೇಡಿ."

"ಕಣ್ಣಲ್ಲಿ ಕಣ್ಣಿಟ್ಟು ಕಾಯ್ತೀನಿ ಮೇಡಂ."

ಐದು ಸಂಜೆ ಏಳನೆಯದನ್ನು ದಾಟಿ ಹೋದ ಕೈ ಆರನೆಯ ಸಂಜೆ ದಾಟಲಿಲ್ಲ. ರಿಜಿಸ್ಟರ್ ತೆರೆದಾಗ ತಪ್ಪು ಹೊಳೆಯಿತು. ಓಡಿಹೋಗಿ ಮತ್ತೆ ಆನ್ ಮಾಡಿದ. ಪರದೆಯ ಮೇಲೆ ಅಂಕಿಗಳು ಏನೂ ಆಗದಂತೆ ಓಡತೊಡಗಿದವು. ಅಷ್ಟರಲ್ಲಿ ಹನ್ನೊಂದು ನಿಮಿಷ ಕಳೆದಿತ್ತು. ಏಳರ ಎದುರು ಅವನು ಬರೆದ: 'ಆಫ್ ಆಗಿಲ್ಲ.'

ಹೆಂಡತಿಗೆ ಮಾತ್ರ ಹೇಳಿದ.

"ಹೋಗಿ ಆಯಮ್ಮಂಗೆ ಹೇಳ್ಬಿಡ್ರೀ, ತಲೆ ಏನು ತೆಗೀತಾಳಾ?"

"ನಾಳೆ ಹೇಳ್ತೀನಿ ಕಣೇ."

ಆ ನಾಳೆ ನಾಲ್ಕು ವರ್ಷವಾದರೂ ಬರಲಿಲ್ಲ.

ಸೇತುವೆ ಎದ್ದಿತು. ಮರಳುಚೀಲ ಹೇರಿ ಪರೀಕ್ಷಿಸಿದ್ದನ್ನು ಕಣ್ಣಾರೆ ಕಂಡರೂ ಅವನಿಗೆ ಧೈರ್ಯ ಬರಲಿಲ್ಲ. ಮರಳು ಸುಮ್ಮನೆ ಕೂರುತ್ತದೆ, ಜನ ಸುಮ್ಮನಿರುತ್ತಾರೆಯೇ? ಮಗಳು ದಿನವೂ ಅದರ ಮೇಲೆಯೇ ಕೆಲಸಕ್ಕೆ ಹೋಗುತ್ತಿದ್ದಳು. ಅವಳು ಆಚೆ ದಡ ಮುಟ್ಟುವ ತನಕ ಅವನು ಈಚೆ ದಡದಲ್ಲಿ ಕಾಲು ಬದಲಿಸುತ್ತ ನಿಂತಿರುತ್ತಿದ್ದ.

"ಹಳೇ ಸೇತುವೆ ಮೇಲೆ ಹೋಗಮ್ಮ."

"ಅರ್ಧ ಗಂಟೆ ಸುತ್ತು ಅಪ್ಪಾ! ನಾನೇನು ನಿನ್ನ ಕಂಪ್ಯೂಟರಾ, ನೀನು ಒತ್ತಿದ ಹಾಗೆ ಕೇಳೋಕೆ?"

ಕಚೇರಿಯಲ್ಲೂ ನೆಮ್ಮದಿಯಿಲ್ಲ. "ಮೇಡಂ, ಆ ಸೇತುವೆ ಲೆಕ್ಕ ಸರಿಯಿದೆ ತಾನೇ?"

"ನೀವ್ಯಾವಾಗ ಇಂಜಿನಿಯರ್ ಆದ್ರಿ ಸ್ವಿಚ್ಚಣ್ಣ?" ಎಂದು ಅವಳು ನಗುತ್ತಿದ್ದಳು. ಅವನೂ ನಕ್ಕು, ಯಂತ್ರಗಳ ಕಡೆಗೆ ಹೊರಟುಬಿಡುತ್ತಿದ್ದ. ತಪ್ಪೊಪ್ಪಿಕೊಳ್ಳಲು ಬೇಕಾದ ಧೈರ್ಯ ದಿನಕಳೆದಂತೆ ದುಬಾರಿಯಾಗುತ್ತದೆ.

ಐದನೆಯ ವರ್ಷ, ಇನ್ನೂ ಬಾಯಿ ಬಿಡದೆಯೇ, ಅವನು ಎದೆನೋವಿನಿಂದ ತೀರಿಕೊಂಡ. ಸಾಂತ್ವನ ಹೇಳಲು ಬಂದ ಇಂಜಿನಿಯರಮ್ಮನಿಗೆ ಹೆಂಡತಿ ಎಲ್ಲವನ್ನೂ ಹೇಳಿದಳು. ಇಂಜಿನಿಯರಮ್ಮ ಕಚೇರಿಗೆ ಹಿಂದಿರುಗಿ, ಯಂತ್ರ ತಾನೇ ಬರೆದಿಟ್ಟುಕೊಂಡಿದ್ದ ದಾಖಲೆ ತೆಗೆದು ನೋಡಿದಳು: ಆರು ಗಂಟೆ ಮೂರು ನಿಮಿಷಕ್ಕೆ ಆಫ್, ಆರು ಹದಿನಾಲ್ಕಕ್ಕೆ ಆನ್. ಕರೆಂಟು ಹೋದೀತೆಂಬ ಅಂಜಿಕೆಯಿಂದ ಅವಳು ಮೊದಲೇ ಒಂದು ಏರ್ಪಾಡು ಮಾಡಿದ್ದಳು. ಕಾಲು ಗಂಟೆಗೊಮ್ಮೆ ಅಲ್ಲಿಯವರೆಗಿನ ಲೆಕ್ಕ ಯಂತ್ರದಲ್ಲಿ ತಾನಾಗಿ ಉಳಿದುಕೊಳ್ಳುತ್ತಿತ್ತು. ಯಂತ್ರ ಮತ್ತೆ ಆನ್ ಆದೊಡನೆ, ಹಾಗೆ ಉಳಿದಲ್ಲಿಂದಲೇ ಮುಂದುವರಿಯುತ್ತಿತ್ತು. ಆ ಹನ್ನೊಂದು ನಿಮಿಷದಿಂದ ಒಂದಂಕಿಯೂ ಕೆಟ್ಟಿರಲಿಲ್ಲ.