ಒಂದು ಹುಳ ಕಡಿಮೆ

ನಮ್ಮ ಪ್ರಾಣಿಶಾಸ್ತ್ರದ ಸರ್ ಅವರ ಬಲಗೈ ಮೊಣಕೈಯಲ್ಲಿ ಮಡಚುತ್ತಿರಲಿಲ್ಲ. ಭುಜದಿಂದ ಬೆರಳ ತುದಿಯವರೆಗೆ ಒಂದೇ ಕಟ್ಟಿಗೆ. ಬೋರ್ಡಿನ ಮೇಲೆ ಬರೆಯುವಾಗ ಒಂದು ಗಜ ದೂರ ನಿಂತು, ಇಡೀ ತೋಳನ್ನು ಭುಜದಿಂದಲೇ ತಿರುಗಿಸಿ ಬರೆಯುತ್ತಿದ್ದರು. ರಾಯಬಾಗದ ಕಡೆಯಿಂದ ಬರುತ್ತಿದ್ದ ಹುಡುಗರು ದಿನಾ ರೈಲು, ರೈಲ್ವೆ ಗೇಟು ನೋಡುವವರು. ಅವರೇ ಸರ್‌ಗೆ 'ಗೇಟ್' ಎಂದು ಹೆಸರಿಟ್ಟಿದ್ದರು. ಸರ್ ಕೈ ಎತ್ತಿದೊಡನೆ ಹಿಂದಿನ ಬೆಂಚಿನಿಂದ ಯಾರೋ ಸಣ್ಣಗೆ ಸಿಳ್ಳೆ ಹಾಕಿ ರೈಲು ಬಿಡುತ್ತಿದ್ದರು. ನಾವು ಹುಡುಗಿಯರು ಬಾಯಿಗೆ ಸೆರಗು ಹಿಡಿದು ನಗುತ್ತಿದ್ದೆವು.

ಸಣ್ಣವರಿದ್ದಾಗ ಚಕ್ಕಡಿಯಿಂದ ಬಿದ್ದರಂತೆ. ಊರ ಎಲುಬು ಕಟ್ಟುವವನು ಬಿದಿರು ಸೀಳಿ ಕೈಯನ್ನು ನೆಟ್ಟಗೆ ಇಟ್ಟು ಕಟ್ಟಿದ. ಬಿಚ್ಚುವ ಹೊತ್ತಿಗೆ ಕೀಲು ಕೂಡಿಹೋಗಿತ್ತು. ಇದನ್ನು ಅವರೇ ತರಗತಿಯಲ್ಲಿ ಹೇಳಿದ್ದರು, ಅದೂ ಪಾಠದ ನಡುವೆ, ಉದಾಹರಣೆಯಾಗಿ. "ಮನುಷ್ಯಾನ ಮೈಯಾಗ ಕೀಲು ಭಾಳ ಅದಾವ. ನನಗ ಒಂದ ಕಡಿಮಿ. ನಿಮಗ ಎಲ್ಲಾ ಅದಾವ, ಆದ್ರೂ ಬೆಂಚಿಗೆ ಅಂಟಗೊಂಡ ಕುಂತೀರಿ."

ಎಂಬತ್ತರ ದಶಕದ ನಡುವಿನ ಮಾತು. ಚಿಕ್ಕೋಡಿಯಲ್ಲಿ ನಾನು ಪಿಯುಸಿ ವಿಜ್ಞಾನ ಓದುತ್ತಿದ್ದೆ. ಊರು ಜುಗೂಳ, ಕೃಷ್ಣೆಯ ದಂಡೆ. ಕಬ್ಬು ಬೆಳೆಯುವ ಜೈನರ ಮನೆ. ನಮ್ಮ ಮನೆತನದಲ್ಲಿ ಹೈಸ್ಕೂಲು ದಾಟಿದ ಮೊದಲ ಹುಡುಗಿ ನಾನು, ಆ ಜಂಭವೂ ನನಗೆ ಸಾಕಷ್ಟಿತ್ತು. ಆ ಸರ್ ಅವರನ್ನು ಕಂಡರೆ ನನಗೆ ತಿರಸ್ಕಾರ. ಇದನ್ನು ಮೆತ್ತಗೆ ಹೇಳುವುದರಲ್ಲಿ ಅರ್ಥವಿಲ್ಲ. ಕಾಲರು ಸವೆದ ಅಂಗಿ, ಎಣ್ಣೆ ಕಾಣದ ತಲೆ, ಯಾರನ್ನೂ ಹೊಗಳದ ಬಾಯಿ. ಕಾಲೇಜಿನ ವಾರ್ಷಿಕ ಗ್ಯಾದರಿಂಗ್ ಇರಲಿ, ಸಹೋದ್ಯೋಗಿಯ ಮಗಳ ಮದುವೆ ಇರಲಿ, ಎಲ್ಲಿಯೂ ಊಟಕ್ಕೆ ನಿಲ್ಲುತ್ತಿರಲಿಲ್ಲ. ಮಹಾ ಸೊಕ್ಕಿನ ಮನುಷ್ಯ ಎಂದು ನಾವು ತೀರ್ಮಾನ ಮಾಡಿದ್ದೆವು.

ಒಂದು ಮಧ್ಯಾಹ್ನ ಮರೆತ ಕಂಪಾಸು ತರಲು ಲ್ಯಾಬಿಗೆ ಹೋದೆ. ಸರ್ ಸ್ಪೆಸಿಮನ್ ಕಪಾಟಿನ ಹಿಂದೆ ಗೋಡೆಗೆ ಮುಖ ಮಾಡಿ ಕುಳಿತು ರೊಟ್ಟಿ ತಿನ್ನುತ್ತಿದ್ದರು, ಎಡಗೈಯಿಂದ. ಮಡಚದ ಬಲಗೈ ಬಾಯಿಗೆ ಮುಟ್ಟುವುದಾದರೂ ಹೇಗೆ? ಇಷ್ಟು ಸಣ್ಣ ಲೆಕ್ಕ ನನ್ನ ತಲೆಗೆ ಹೊಳೆಯಲಿಲ್ಲ. ನಾನು ಓಡಿಹೋಗಿ ಹಾಸ್ಟೆಲ್ ರೂಮಿನಲ್ಲಿ ಎಲ್ಲರಿಗೂ ಹೇಳಿದೆ: "ಗೇಟ್ ಸರ್ ತೊಳಿಯು ಕೈಲೇ ಉಣ್ಣತಾರ ಬೇ!" ಅವತ್ತು ನಾವು ಹೊಟ್ಟೆ ಹುಣ್ಣಾಗುವಷ್ಟು ನಕ್ಕೆವು.

ಅವರ ಇಂಗ್ಲಿಷಂತೂ ನಮಗೆ ಪುಕ್ಕಟೆ ತಮಾಷೆ. ಆರ್ಟಿಕಲ್, ಅಂದರೆ ಎ, ಆ್ಯನ್, ದಿ, ಎಂಬ ವಸ್ತುವನ್ನು ಅವರು ಆಯುಷ್ಯದಲ್ಲಿ ಕಂಡಂತಿರಲಿಲ್ಲ. ನಾಮಪದಗಳು ಎಲ್ಲವೂ ಬರಿಮೈ. "ಬಾಯ್, ಬ್ರಿಂಗ್ ಟ್ರೇ." "ಅರ್ಥ್‌ವರ್ಮ್ ಈಸ್ ಅನಿಮಲ್. ಅನಿಮಲ್ ಹ್ಯಾಸ್ ನೋ ಜಾಯಿಂಟ್." ನನ್ನ ರೂಮಿನ ಗೆಳತಿ ನಿಪ್ಪಾಣಿಯವಳು, ಕಾನ್ವೆಂಟಿನಲ್ಲಿ ಕಲಿತವಳು. ಸರ್ ಬಾಯಿ ತೆರೆದರೆ ಸಾಕು, ಅವಳು ನೋಟುಬುಕ್ಕಿನ ಅಂಚಿನಲ್ಲಿ ಗೀಟು ಎಳೆಯುತ್ತಿದ್ದಳು, ತಪ್ಪಿಹೋದ ಒಂದೊಂದು ಆರ್ಟಿಕಲ್ಲಿಗೆ ಒಂದೊಂದು.

ಕೊನೆಗೆ ನಾವಿಬ್ಬರೂ ಒಂದು ಶೂರತನ ಮಾಡಿದೆವು. ಅವರು ಹಂಚಿದ ಎರೆಹುಳದ ನೋಟ್ಸನ್ನು ತೆಗೆದುಕೊಂಡು, ಎಲ್ಲೆಲ್ಲಿ ಆರ್ಟಿಕಲ್ ಬಿಟ್ಟಿದ್ದರೋ ಅಲ್ಲೆಲ್ಲ ಕೆಂಪು ಶಾಯಿಯಲ್ಲಿ ತುಂಬಿದೆವು. ಅವಳು ತೋರಿಸಿದಳು, ನಾನು ಬರೆದೆ, ನನ್ನ ಅಕ್ಷರ ದುಂಡಗೆ ಎಂದು. ಬೆಳಿಗ್ಗೆ ಹಾಳೆಯನ್ನು ಅವರ ಟೇಬಲ್ ಮೇಲೆ ಇಟ್ಟೆವು. ಆ ಹಾಳೆ ಸಿಡುಬು ಎದ್ದ ಮುಖದಂತೆ ಕಾಣುತ್ತಿತ್ತು.

ಸರ್ ಅದನ್ನು ಎಡಗೈಯಲ್ಲಿ ಎತ್ತಿ ಹಿಡಿದು ಪೂರ್ತಿ ಓದಿದರು. ಸಿಟ್ಟಾಗಲಿಲ್ಲ, ಅದೇ ನಮಗೆ ನಿರಾಸೆ.

"ನಮ್ಮವ್ವ ಎಮ್ಮಿ ಬಂತು ಅಂದ್ರ ಎಮ್ಮಿ ಬಂತು. ಯಾವ ಎಮ್ಮಿ ಅನ್ನೂದು ಮನ್ಯಾಗ ಇದ್ದವರಿಗೆ ಗೊತ್ತಿರತೈತಿ. ಗೊತ್ತಿಲ್ಲದಾವ್ರು ಹೊರಗಿನವ್ರು," ಎಂದರು. ಹಾಳೆಯನ್ನು ಮಡಚಿ ಜೇಬಿಗೆ ಇಟ್ಟರು. "ಎರಿಹುಳಕ್ಕ ಕೀಲಿಲ್ಲ. ಪಾಪ, ನಾಕ ಕೀಲ ಹಚ್ಚೂಣು ಅಂತ ಯಾರರ ಹ್ವಾದ್ರ ಅದು ನಡಿಯೂದಿಲ್ಲ, ಸಾಯತೈತಿ."

ತರಗತಿ ಮುಗಿದ ಮೇಲೆ ನನ್ನೊಬ್ಬಳನ್ನು ನಿಲ್ಲಿಸಿಕೊಂಡರು. ನನ್ನ ತೋರುಬೆರಳಿಗೆ ಕೆಂಪು ಶಾಯಿ ಹತ್ತಿತ್ತು. ನನಗೇ ಗೊತ್ತಿರಲಿಲ್ಲ.

"ಹೋಗಿ ಕೈ ತೊಳಕೊಂಡು ಬಾ. ನಿನಗ ಸ್ವಚ್ಛ ಕೈ ಅಂದ್ರ ಭಾಳ ಸೇರತೈತಿ, ಹೌದಲ್ಲ?"

ತೊಳೆದುಕೊಂಡು ಬಂದೆ. ಅವರು ಶಾಯಿಯ ಮಾತನ್ನೇ ಎತ್ತಲಿಲ್ಲ. "ವರ್ಷಾತು, ನಿನ್ನ ಡಿಸೆಕ್ಷನ್ ಆ ನಿಪ್ಪಾಣಿ ಹುಡುಗಿ ಮಾಡಾಕತ್ತಾಳ. ಅಕಿ ಕೊಯ್ತಾಳ, ನೀ ಚಿತ್ರ ತಗೀತಿ. ನನಗ ಕಣ್ಣಿಲ್ಲ ಅಂತ ತಿಳದಿಯೇನು?"

ಮಾತು ನಿಜ. ಮನೆಯಲ್ಲಿ ನನ್ನನ್ನು ವಿಜ್ಞಾನಕ್ಕೆ ಕಳಿಸಿದ್ದೇ ಒಂದು ಷರತ್ತಿನ ಮೇಲೆ. ನಮ್ಮ ಆಯಿ, ಅಂದರೆ ಅಪ್ಪನ ತಾಯಿ, ಸೂರ್ಯ ಮುಳುಗಿದ ಮೇಲೆ ನೀರನ್ನೂ ಮುಟ್ಟುತ್ತಿರಲಿಲ್ಲ. ಎರೆಹುಳಕ್ಕೆ ಎರಡು ಇಂದ್ರಿಯ, ಇರುವೆಗೆ ಮೂರು, ನೊಣಕ್ಕೆ ನಾಲ್ಕು ಎಂದು ಬೆರಳು ಮಡಚಿ ಎಣಿಸುವವಳು. ಯಾವ ಜೀವವನ್ನೂ ಕೊಯ್ಯುವುದಿಲ್ಲ ಎಂದು ಅವಳ ಮುಂದೆ ಮಾತು ಕೊಟ್ಟಿದ್ದೆ. ಇನ್ನೊಂದು ಕಡೆ, ಪಿಯುಸಿಯಲ್ಲಿ ಫೇಲಾದರೆ ಅಥಣಿಯ ದ್ರಾಕ್ಷಿ ತೋಟದ ಮನೆಗೆ ಕೊಟ್ಟು ಕೈತೊಳೆದುಕೊಳ್ಳುವುದೆಂದು ಅಪ್ಪನ ತಮ್ಮ, ನಮ್ಮ ಕಾಕಾ, ಆಗಲೇ ಮಾತು ನಡೆಸಿದ್ದ. ಎರಡೂ ಕಡೆ ಸಂಭಾಳಿಸಲು ನಾನು ಕಂಡುಕೊಂಡ ಜಾಣತನವೇ ಆ ಗೆಳತಿ.

"ಸರ್, ನಮ್ಮಲ್ಲಿ ವ್ರತ ಐತ್ರಿ. ನಾ ಕೊಯ್ಯಂಗಿಲ್ಲ," ಎಂದೆ, ಸ್ವಲ್ಪ ಹೆಮ್ಮೆಯಿಂದಲೇ.

"ನೀ ಕೊಯ್ಯಂಗಿಲ್ಲ. ಕೊಯ್ಸತಿ. ನಿನ್ನ ವ್ರತ ಏನ ಮಾಡೇತಿ ಅಂದ್ರ ಕತ್ತರಿ ಬ್ಯಾರೆಯವರ ಕೈಯಾಗ ಕೊಟ್ಟೈತಿ, ಅಷ್ಟ. ಹುಳಾ ಸತ್ತದ್ದ ಸತ್ತೈತಿ."

ಅಂಥ ತಿರಸ್ಕಾರವನ್ನು ನನಗೆ ಅದುವರೆಗೆ ಯಾರೂ ತೋರಿಸಿರಲಿಲ್ಲ. ಬೈದಿದ್ದರೆ ಅಳಬಹುದಿತ್ತು. ಅವರು ನನ್ನನ್ನು ಸ್ಲೈಡಿನ ಮೇಲಿನ ವಸ್ತುವಿನಂತೆ ನೋಡಿ, ಪಕ್ಕಕ್ಕೆ ಸರಿಸಿದರು. ನಂತರ ಮೂಲೆಯ ಮಣ್ಣಿನ ಗಡಿಗೆಯಿಂದ ಒಂದು ಎರೆಹುಳ ತೆಗೆದು, ಕಿರಾಣಿ ಅಂಗಡಿಯ ದಪ್ಪ ಖಾಕಿ ಕಾಗದದ ಮೇಲೆ ಬಿಟ್ಟರು.

"ಕಿವಿ ಹಚ್ಚು."

ಬಗ್ಗಿ ಕಿವಿ ಹಚ್ಚಿದೆ. ಮೊದಲು ಏನೂ ಇಲ್ಲ. ಆಮೇಲೆ ಸರಸರ, ಸರಸರ, ಬಹಳ ಸಣ್ಣಗೆ. ಅದರ ಮೈಮೇಲಿನ ಕಣ್ಣಿಗೆ ಕಾಣದ ಮುಳ್ಳುಗೂದಲು ಕಾಗದವನ್ನು ಕೆರೆಯುವ ಸದ್ದು.

"ಕಾಲಿಲ್ಲ, ಕೀಲಿಲ್ಲ. ಆದ್ರೂ ಹೊಂಟೈತಿ," ಎಂದರು ಸರ್. "ಇದನ್ನ ನೀ ಪರೀಕ್ಷಾ ಬರೂತನಕ ನೋಡ್ಬೇಕು. ಕೊಯ್ಯದ ಏನೇನ ತಿಳೀತೈತಿ ಎಲ್ಲಾ ಬರಿ. ಆದ್ರ ಇನ್ನ ಮ್ಯಾಲ ನಿನ್ನ ಸಲುವಾಗಿ ಯಾರೂ ಕೊಯ್ಯಂಗಿಲ್ಲ."

ಎರಡು ತಿಂಗಳು ದಿನವೂ ಸಂಜೆ ಆ ಹುಳದ ಮುಂದೆ ಕುಳಿತೆ. ಉಂಗುರ ಎಣಿಸಿದೆ, ಎಲೆಯ ಯಾವ ತುದಿ ಹಿಡಿದು ಬಿಲಕ್ಕೆ ಎಳೆಯುತ್ತದೆ ಎಂದು ನೋಡಿದೆ, ದೀಪ ತೋರಿಸಿದರೆ ಎಷ್ಟು ಹೊತ್ತಿಗೆ ಸರಿಯುತ್ತದೆ ಎಂದು ಬರೆದೆ. ಮನಸ್ಸಿನಲ್ಲಿ ಅವರಿಗೆ ಬಾಯಿ ತುಂಬ ಬೈಯುತ್ತಲೇ ಬರೆದೆ. ಅವರು ನೋಡುತ್ತಿದ್ದರು, "ಹೂಂ" ಎನ್ನುತ್ತಿದ್ದರು. ಅದಕ್ಕಿಂತ ಒಂದು ಅಕ್ಷರ ಹೆಚ್ಚಿಲ್ಲ.

ಪ್ರಾಕ್ಟಿಕಲ್ ಪರೀಕ್ಷೆಯ ಹಿಂದಿನ ದಿನ ಗಡಿಗೆಯ ಹತ್ತಿರ ಕರೆದರು. "ನಾಳೆ ನಿಮ್ಮ ಬ್ಯಾಚಿಗೆ ಎರಿಹುಳ. ಇಪ್ಪತ್ತು ಮಂದಿ ಅದೀರಿ. ಹತ್ತೊಂಬತ್ತು ಹುಳಾ ಸಾಯತಾವ. ಇಪ್ಪತ್ತನೇದು ಬೇಕಂದ್ರ ಈಗ ಹೇಳು."

"ಬ್ಯಾಡ್ರಿ ಸರ್."

"ಡಿಸೆಕ್ಷನ್ನಿಗೆ ಸೊನ್ನಿ ಬೀಳತೈತಿ. ಫೇಲಾದ್ರೂ ಆದಿ."

ಅಥಣಿಯ ದ್ರಾಕ್ಷಿ ತೋಟ ಕಣ್ಣ ಮುಂದೆ ಬಂತು. "ಬೀಳ್ಲಿರಿ," ಎಂದೆ.

ಮರುದಿನ ನನ್ನ ಟ್ರೇಯಲ್ಲಿ ಬರಿಯ ನೀರು. ಹೊರಗಿನಿಂದ ಬಂದ ಪರೀಕ್ಷಕ ಹೊಟ್ಟೆಯನ್ನು ಮುಂದೆ ಕಳಿಸಿ ತಾನು ಹಿಂದಿನಿಂದ ಬರುವ ಮನುಷ್ಯ. ಇಡೀ ಬೆಳಗು ಚಹಾ, ಬಿಸ್ಕೀಟಿನಲ್ಲಿ ಕಳೆದವನು ನನ್ನ ಟೇಬಲ್ಲಿಗೆ ಬಂದು, "ಇದೇನು ಜಳಕಾ ಮಾಡಾಕ ಇಟ್ಟೀಯೇನು?" ಎಂದ. ಸುತ್ತಲಿನವರು ಕಿಸಕ್ಕನೆ ನಕ್ಕರು. ಸರ್ ನನ್ನ ಪರವಾಗಿ ಒಂದು ಮಾತಾದರೂ ಆಡುತ್ತಾರೆ ಎಂದುಕೊಂಡೆ. ಅವರು ಎಂದಿನ ಬರಿಮೈ ಇಂಗ್ಲಿಷಿನಲ್ಲಿ, "ಸ್ಟೂಡೆಂಟ್ ವಿಲ್ ನಾಟ್ ಕಟ್. ಗಿವ್ ಝೀರೋ. ಆಸ್ಕ್ ಕ್ವಶ್ಚನ್," ಎಂದು ಹೇಳಿ ಕಿಟಕಿಯತ್ತ ಹೋದರು.

ಪರೀಕ್ಷಕ ಕೇಳಿದ. ನಾನು ಹೇಳಿದೆ. ಅವನು ಪುಸ್ತಕ ನೋಡಿಕೊಂಡು ಕೇಳುತ್ತಿದ್ದ, ನಾನು ಎರಡು ತಿಂಗಳು ನೋಡಿದ ಹುಳವನ್ನು ನೆನೆದು ಹೇಳುತ್ತಿದ್ದೆ. ನಡುವೆ ಒಂದು ಕಡೆ ಅವನ ಬಿಸ್ಕೀಟು ಕೈಯಲ್ಲೇ ನಿಂತಿತು.

ಕೂದಲೆಳೆಯಲ್ಲಿ ಪಾಸಾದೆ. ಕಾಕಾನ ದ್ರಾಕ್ಷಿಯವರು ಬೇರೆ ಹುಡುಗಿ ನೋಡಿಕೊಂಡರು. ಆಯಿಗೆ ಹೇಳಿದಾಗ ಅವಳು ಒಂದೇ ಪ್ರಶ್ನೆ ಕೇಳಿದಳು: "ಕೊಯ್ಯಲಿಲ್ಲ ಅಂತಿ. ಅದಕ್ಕ ಏನ ಕಳಕೊಂಡಿ?" ಮಾರ್ಕ್ಸು ಎಂದೆ. "ಹಂಗಾರ ವ್ರತ ಆತು," ಎಂದಳು. ಆಯಿಯೂ ಸರ್ ಅವರೂ ಒಬ್ಬರನ್ನೊಬ್ಬರು ಕಂಡವರೇ ಅಲ್ಲ.

ಮುಂದೆ ಬಿ.ಎ. ಮಾಡಿದೆ, ಬಿ.ಎಡ್. ಮಾಡಿದೆ. ವಿಧಿಯ ಚೇಷ್ಟೆ ನೋಡಿ, ಹೈಸ್ಕೂಲಿನಲ್ಲಿ ಇಂಗ್ಲಿಷ್ ಟೀಚರಾದೆ. ಮಕ್ಕಳ ಬರಿಮೈ ನಾಮಪದಗಳಿಗೆ ಕೆಂಪು ಶಾಯಿಯಲ್ಲಿ ಅಂಗಿ ತೊಡಿಸುವುದೇ ನನ್ನ ಹೊಟ್ಟೆಪಾಡು. ತೊಂಬತ್ತರ ದಶಕದ ಆರಂಭದಲ್ಲಿ ನಾನೇ ಒಪ್ಪಿದ ಹುಡುಗನ ಜೊತೆ ಜುಗೂಳದಲ್ಲಿ ಮದುವೆ ಆಯಿತು. ಸರ್‌ಗೆ ಲಗ್ನಪತ್ರಿಕೆ ಕಳಿಸಿದ್ದೆ. ಬರುವುದಿಲ್ಲ ಎಂಬ ಧೈರ್ಯದಿಂದಲೇ ಕಳಿಸಿದ್ದೆ ಎಂದು ಈಗ ಅನಿಸುತ್ತದೆ.

ಬಂದರು. ಇಸ್ತ್ರಿ ಮಾಡಿದ ಅಂಗಿ, ತಲೆಗೆ ಎಣ್ಣೆ. ಎಲ್ಲಿಯೂ ಉಣ್ಣದ ಮನುಷ್ಯ ಅವತ್ತು ಪಂಗತಿಯಲ್ಲಿ ಕುಳಿತರು. ನಮ್ಮಲ್ಲಿ ಮದುಮಗಳು ಪಂಗತಿಗೆ ತುಪ್ಪ ಬಡಿಸುತ್ತಾಳೆ. ತುಪ್ಪದ ಗಿಂಡಿ ಹಿಡಿದು ಬರುತ್ತಿದ್ದೆ. ಅವರ ಎಲೆಗೆ ಇನ್ನು ಎರಡೇ ಎಲೆ. ಸರ್ ಎಡಗೈಯಿಂದ ಗೋಧಿ ಹುಗ್ಗಿಯ ಮೊದಲ ತುತ್ತು ಎತ್ತಿದರು. ಎದುರಿಗೆ ಕುಳಿತ ಬೀಗರು ಮುಖ ಸಿಂಡರಿಸಿದರು. ಕಾಕಾ ಓಡಿಬಂದ.

"ಮಾಸ್ತರ, ನೀವು ಹಿಂದಿನ ಪಡಸಾಲಿಗೆ ಬರ್ರಿ. ಅಲ್ಲಿ ಬ್ಯಾರೆ ವ್ಯವಸ್ಥಾ ಮಾಡತೀವಿ."

ಸರ್ ಕಾಕಾನನ್ನು ನೋಡಲಿಲ್ಲ, ನನ್ನನ್ನು ನೋಡಿದರು. "ಕಾಕಾ, ಅವರು ನನ್ನ ಸರ್, ಕುಂದರ್ಲಿ" ಎಂದರೆ ಮುಗಿಯುತ್ತಿತ್ತು. ಐದು ಶಬ್ದ. ನಾನು ಗಿಂಡಿಯನ್ನು ಪಕ್ಕದ ಎಲೆಗೆ ಬಗ್ಗಿಸಿದೆ, ತುಪ್ಪ ಬಡಿಸುವುದರಲ್ಲಿ ಮುಳುಗಿಹೋದವಳ ಹಾಗೆ. ಮದರಂಗಿ ಹಚ್ಚಿದ ನನ್ನ ಕೈ ಬಹಳ ಸ್ವಚ್ಛವಾಗಿತ್ತು.

"ನಂದು ಊಟ ಆತ್ರಿ," ಎಂದು ಸರ್ ಎದ್ದರು. ಹುಗ್ಗಿ ಎಲೆಯಲ್ಲಿ ಹಾಗೇ ಇತ್ತು. ಹಿಂದಿನ ಪಡಸಾಲೆಗೂ ಹೋಗಲಿಲ್ಲ, ನೆಟ್ಟಗೆ ಬಸ್‌ಸ್ಟ್ಯಾಂಡಿನ ದಾರಿ ಹಿಡಿದರು.

ಆಮೇಲೆ ಅವರನ್ನು ನೋಡಲಿಲ್ಲ. ಪತ್ರ ಬರೆಯಬೇಕೆಂದು ಎಷ್ಟು ಸಲ ಕುಳಿತೆನೋ, ಅಷ್ಟು ಸಲ ಎದ್ದೆ. ತಪ್ಪು ಕಾಕಾನದು, ಬೀಗರದು, ಊರ ರೂಢಿಯದು ಎಂದು ಮನಸ್ಸಿಗೆ ಹೇಳಿಕೊಂಡೆ. ಇಂಥ ಕಾರಣಗಳು ನನಗೆ ಸಿಗದೆ ಇದ್ದದ್ದೇ ಇಲ್ಲ. ಆರೇಳು ವರ್ಷದ ಮೇಲೆ ನಿಪ್ಪಾಣಿಯ ಗೆಳತಿ ಫೋನ್ ಮಾಡಿ, "ಗೇಟ್ ಸರ್ ಹ್ವಾದ್ರಂತ ಬೇ," ಎಂದಳು.

ಮೂರು ದಿನ ಕಳೆದು ಸರ್ ಅವರ ಊರು ಅಲಖನೂರಿಗೆ ಹೋದೆ. ಮದುವೆಯಾಗದ ಸರ್ ಅವರ ಮನೆಯಲ್ಲಿ ಇದ್ದವರು ಅವರ ವಿಧವೆ ತಂಗಿ ಒಬ್ಬರೇ. ಹೆಸರು ಹೇಳುತ್ತಲೇ ಗುರುತು ಹಿಡಿದರು.

"ಜುಗೂಳದಾಕಿ ಹೌದಲ್ಲ? ನಿಮ್ಮ ಮದುವಿಗೆ ಅಣ್ಣಾ ಹೊಸಾ ಧೋತ್ರ ಉಟಗೊಂಡ ಹೋಗಿದ್ದ. ಹೊಟ್ಟಿ ತುಂಬ ಉಂಡ ಬಂದ್ನಿ, ಹುಗ್ಗಿ ಭಾಳ ಚಲೋ ಆಗಿತ್ತು ಅಂತ ಹೇಳಿದ."

'ಹೌದ್ರಿ' ಎಂದಿದ್ದರೆ ಅಲ್ಲಿಗೆ ಎಲ್ಲ ಸುಸೂತ್ರ ಮುಗಿಯುತ್ತಿತ್ತು. ಸತ್ತವರೇ ನನ್ನ ಕೈ ತೊಳೆದು ಇಟ್ಟು ಹೋಗಿದ್ದರು. ಕಾಕಾ ಎಬ್ಬಿಸಿದ ಎಂದಿದ್ದರೆ ಅದೂ ಸುಳ್ಳಲ್ಲ. ಕತ್ತರಿಯನ್ನು ಇನ್ನೊಬ್ಬರ ಕೈಗೆ ಕೊಡುವುದು ನನಗೆ ರೂಢಿ.

"ಇಲ್ರಿ ಅಕ್ಕಾರ. ಸರ್ ಅವತ್ತು ಉಣ್ಣಲಿಲ್ಲ," ಎಂದೆ. "ಪಂಗತಿಯಿಂದ ನಾ ಎಬ್ಬಿಸಿದ್ನಿ."

ಅವರು ಒಳಗೆ ಹೋಗಿ ಊಟದ ತಾಟು ತಂದು ನನ್ನ ಮುಂದೆ ಇಟ್ಟರು.

"ನನಗ ಗೊತ್ತೈತಿ," ಎಂದರು. "ಹೊಟ್ಟಿ ತುಂಬೇತಿ ಅಂದಾವ ಅವತ್ತ ಸಂಜಿಗೆ ನಾಕ ರೊಟ್ಟಿ ತಿಂದ."